ನಮ್ಮ ಗುಡ್ಡೆಯಲ್ಲಿ ರಾತ್ರಿ ನಡಿಗೆ: ಎಷ್ಟು ಜನ, ಎಷ್ಟು ಬೆಳಕು?

ಪದವಿನ ಹುಲ್ಲು (ಎಪ್ರಿಲ್ 18)

ಎಲ್ಲರಿಗೂ ನಮಸ್ಕಾರ. ಕೇರಳದ ಕಾಸರಗೋಡು ಜಿಲ್ಲೆಯ ಮಂಜೇಶ್ವರ ತಾಲೂಕಿನ ಒಳನಾಡಿನ ಒಂದು ಕನ್ನಡ ಶಾಲೆಯಲ್ಲಿ ನಾನು ಅಧ್ಯಾಪಕ. ಶಾಲೆಯ ಹಿಂಬದಿಗೆ ಸುಮಾರು ಹದಿನೆಂಟು ಎಕರೆಯ ಒಂದು ಗುಡ್ಡೆ ಇದೆ. ಅಣ್ಣತಮ್ಮಂದಿರಾದ ಮೂರು ಮನೆಯವರು ಮೂವತ್ತು ವರ್ಷಗಳಿಂದ ಅಲ್ಲಿ ಕೊಡಲಿ ಹಾಕಿಲ್ಲ, ರಬ್ಬರ್ ಇಟ್ಟಿಲ್ಲ, ತೋಟಕ್ಕೆ ಸೊಪ್ಪು ಕಡಿಯುವುದನ್ನೂ ಗುಡ್ಡೆಯ ಕೆಳ ಅಂಚಿಗೇ ನಿಲ್ಲಿಸಿದ್ದಾರೆ. ಮೇಲೆ ಮುರಕಲ್ಲಿನ (ಕೆಂಪುಕಲ್ಲಿನ) ಬಯಲು, ಅಂದರೆ ಪದವು, ನಡುವೆ ಕಾಡು, ಕೆಳಗೆ ಅಡಿಕೆ ತೋಟ ಮತ್ತು ತೋಡು (ಸಣ್ಣ ಹೊಳೆ). ಒಂದು ಬದಿಯಲ್ಲಿ ಮಳೆಗಾಲಕ್ಕೆ ನೀರು ನಿಲ್ಲುವ ಹಳೆಯ ಕಲ್ಲುಕೋರೆ, ಇನ್ನೊಂದು ಬದಿಯಲ್ಲಿ ನಾಗಬನ. ಹಗಲು ಹೋದರೆ ಅಲ್ಲಿ ನೋಡುವಂಥದ್ದು ಏನೂ ಇಲ್ಲವೆಂದು ಹೊಸಬರು ಹಿಂದಿರುಗುತ್ತಾರೆ. ಆದರೆ ಕತ್ತಲಾದ ಮೇಲೆ ಪದವಿನ ನೆಲದಿಂದ ನತ್ತಿಂಗ ಹಕ್ಕಿ ಕೂಗುತ್ತದೆ, ಹಲಸಿನ ಮರಕ್ಕೆ ಪುನುಗುಬೆಕ್ಕು ಏರುತ್ತದೆ, ದೊಡ್ಡ ಮರಗಳ ನಡುವೆ ಹಾರುಬೆಕ್ಕು (ಹಾರುವ ಅಳಿಲು) ತೇಲಿ ಹೋಗುವುದನ್ನು ನಾನೇ ಮೂರು ಸಲ ಕಂಡಿದ್ದೇನೆ. ಕಳೆದ ತಿಂಗಳು ಬಳ್ಳಿಗಳ ಒಳಗೆ ಎರಡು ಕಿತ್ತಳೆ ಬಣ್ಣದ ಕಣ್ಣುಗಳು ಅಲುಗಾಡದೆ ನನ್ನನ್ನು ನೋಡುತ್ತಿದ್ದವು, ಅದು ಕಾಡುಪಾಪ, ಇರುಳಲ್ಲಿ ಮರಗಳ ಮೇಲೆ ಓಡಾಡುವ ಪುಟ್ಟ ಪ್ರಾಣಿ. ಊರಿನ ಹೆಸರನ್ನು ಇಲ್ಲಿ ಬರೆಯದೆ ಇರುವುದಕ್ಕೆ ಅದೇ ಕಾರಣ, ದಯವಿಟ್ಟು ಯಾರೂ ಕೇಳಬೇಡಿ.

ವಿಷಯಕ್ಕೆ ಬರುತ್ತೇನೆ. ನಮ್ಮ ಊರಿನ ಯುವಕ ಸಂಘದವರು ಜೂನ್ ತಿಂಗಳಿನಿಂದ ಈ ಗುಡ್ಡೆಯಲ್ಲಿ ಮಾರ್ಗದರ್ಶಕರ ಜೊತೆಗೆ ರಾತ್ರಿ ನಡಿಗೆಯನ್ನು ಏರ್ಪಡಿಸಬೇಕೆಂದಿದ್ದಾರೆ. ಜಾಗದ ಮೂರೂ ಮನೆಯವರು ಒಪ್ಪಿದ್ದಾರೆ. ಒಂದು ಸಲಕ್ಕೆ ನಲುವತ್ತು ಜನ, ತಲೆಗೆ ಇಷ್ಟೆಂದು ಶುಲ್ಕ, ಎಲ್ಲರ ಕೈಯಲ್ಲೂ ಟಾರ್ಚು, ಕೊನೆಗೆ ಚಹಾ ಮತ್ತು ಅವಲಕ್ಕಿ ಎಂದು ಯೋಜನೆ. ನಮ್ಮ ಮಕ್ಕಳಿಗೆ ಸಿಂಹ, ಜಿರಾಫೆ ಗೊತ್ತು. ಮನೆಯ ಹಿಂದಿನ ಮರದಲ್ಲಿರುವ ಕಾಡುಪಾಪ ಗೊತ್ತಿಲ್ಲ. ಅದಕ್ಕಾಗಿ ಈ ನಡಿಗೆ ಬೇಕೆಂದು ನನಗೆ ಮನಃಪೂರ್ವಕವಾಗಿ ಅನಿಸುತ್ತದೆ. ಆದರೆ ನಲುವತ್ತು ಟಾರ್ಚುಗಳು ಆ ಬಳ್ಳಿಯ ಕಡೆಗೆ ಒಮ್ಮೆಗೇ ತಿರುಗುವುದನ್ನು ನೆನೆದರೆ ಎದೆ ಝಲ್ಲೆನ್ನುತ್ತದೆ. ಇಂಥದ್ದನ್ನು ಮಾಡಿ ಅಥವಾ ನೋಡಿ ತಿಳಿದವರು ಹೇಗೆ ಮಾಡಬೇಕು, ಏನನ್ನು ಮಾಡಲೇಬಾರದು ಎಂದು ವಿವರವಾಗಿ ಬರೆಯಬೇಕಾಗಿ ವಿನಂತಿ.

ಹಳೆಯ ವಾಚರ್ (ಎಪ್ರಿಲ್ 18)

ಮಾಷ್ಟ್ರಿಗೆ ನಮಸ್ಕಾರ. ನಾನು ಇಪ್ಪತ್ತಾರು ವರ್ಷ ಕಾಡಿನಲ್ಲಿ ವಾಚರ್ ಆಗಿ ದುಡಿದು ನಿವೃತ್ತನಾದವನು. ಅದಕ್ಕೂ ಮೊದಲಿನ ಒಂದು ಸಂಗತಿಯಿಂದ ಆರಂಭಿಸುತ್ತೇನೆ, ಏಕೆಂದರೆ ನಿಮ್ಮ ಪ್ರಶ್ನೆಯ ಬೇರು ಅಲ್ಲಿದೆ.

ನಾನು ಹುಡುಗನಾಗಿದ್ದಾಗ ಮೊದಲ ಮಳೆ ಬಿದ್ದ ರಾತ್ರಿ ಬೈಲಿನ ಗದ್ದೆಗಳಲ್ಲಿ ಗ್ಯಾಸ್‌ಲೈಟುಗಳು ಸಾಲಾಗಿ ಓಡಾಡುತ್ತಿದ್ದವು. ಕಪ್ಪೆ ಹಿಡಿಯುವವರು ಅವರು. ಕಪ್ಪೆಯ ಕಾಲುಗಳನ್ನು ವಿದೇಶಕ್ಕೆ ಕಳುಹಿಸುವ ವ್ಯಾಪಾರ ಆಗ ಜೋರಾಗಿತ್ತು; 1987ರಲ್ಲಿ ಸರಕಾರ ಆ ರಫ್ತನ್ನು ನಿಷೇಧಿಸಿತು. ನಾನೂ ಚೀಲ ಹಿಡಿದು ಅವರ ಹಿಂದೆ ಹೋಗಿದ್ದೇನೆ. ಕೂಗುತ್ತಿರುವ ದೊಡ್ಡ ಹಳದಿ ಕಪ್ಪೆಯ ಮುಖಕ್ಕೆ ಬೆಳಕು ಬಿದ್ದೊಡನೆ ಅದರ ಕೂಗು ನಿಲ್ಲುತ್ತದೆ, ಅದು ಕೂತಲ್ಲೇ ಕೂರುತ್ತದೆ, ಕೈ ಹಾಕಿ ಎತ್ತಿದರೆ ಆಯಿತು. ಮೊಲವನ್ನೂ ಬರಿಂಕವೆಂಬ ಪುಟ್ಟ ಜಿಂಕೆಯಂಥ ಪ್ರಾಣಿಯನ್ನೂ ಬೇಟೆಯವರು ಹೊಡೆಯುತ್ತಿದ್ದುದು ಹಣೆಗೆ ಕಟ್ಟಿದ ಲೈಟಿನಿಂದಲೇ. ವಾಚರ್ ಆದ ಮೇಲೆ ನಾನು ಎಷ್ಟೋ ರಾತ್ರಿ ಅಂಥ ಬೆಳಕುಗಳನ್ನು ಹುಡುಕಿಕೊಂಡು ನಡೆದಿದ್ದೇನೆ. ಬೆಳಕು ಬಿದ್ದಾಗ ಪ್ರಾಣಿ ಅಲುಗಾಡದೆ ನಿಂತರೆ ಅದು ನಮ್ಮನ್ನು ಕುತೂಹಲದಿಂದ ನೋಡುತ್ತಿದೆ ಎಂದು ಪೇಟೆಯಿಂದ ಬಂದವರು ಸಂತೋಷಪಡುತ್ತಾರೆ. ಅದು ಕುತೂಹಲವಲ್ಲ, ಅದಕ್ಕೆ ಕಣ್ಣು ಕಾಣುತ್ತಿಲ್ಲ.

ಆದ ಕಾರಣ ನನ್ನ ಮಾತು ಇಷ್ಟು. ಎಂಟು ಜನಕ್ಕಿಂತ ಹೆಚ್ಚು ಬೇಡ. ಬೆಳಕು ಇಬ್ಬರ ಕೈಯಲ್ಲಿ ಮಾತ್ರ ಇರಲಿ: ಮುಂದೆ ನಡೆಯುವ ಮಾರ್ಗದರ್ಶಕ ಮತ್ತು ಹಿಂದೆ ಬರುವ ಇನ್ನೊಬ್ಬ. ಟಾರ್ಚಿನ ಗಾಜಿಗೆ ನಾಟಕದವರು ಬಳಸುವ ಕೆಂಪು ಜಿಲೆಟಿನ್ ಕಾಗದವನ್ನು ಎರಡು ಪದರ ಕಟ್ಟಿ. ನಡೆಯುವಾಗ ಬೆಳಕು ಕಾಲಬುಡದಲ್ಲಿರಬೇಕು. ಕಣ್ಣಿನ ಹೊಳಪು ಕಂಡರೆ ಬೆಳಕಿನ ನಡುಭಾಗವನ್ನು ಪ್ರಾಣಿಯ ಮೇಲೆ ಹಾಯಿಸದೆ, ಅಂಚಿನ ಮಂದ ಬೆಳಕಿನಲ್ಲಿ ಹತ್ತು ಎಣಿಸುವಷ್ಟು ಹೊತ್ತು ನೋಡಿ, ಆರಿಸಿ, ಮುಂದಕ್ಕೆ ನಡೆಯಿರಿ. ಅದು ತಿರುಗಿ ಹೊರಟರೆ ಹಿಂಬಾಲಿಸಬಾರದು.

ಮಿಣುಕು (ಎಪ್ರಿಲ್ 19)

ವಾಚರಣ್ಣ ಬರೆದುದನ್ನು ಓದಿ ಬಹಳ ಹೊತ್ತು ಸುಮ್ಮನೆ ಕುಳಿತೆ. ನಾನು ಪ್ರಾಣಿಶಾಸ್ತ್ರದ ವಿದ್ಯಾರ್ಥಿನಿ, ಕುಂಬಳೆ ಕಡೆಯವಳು. ಕೆಂಪು ಬೆಳಕಿನ ಬಗ್ಗೆ ಸ್ವಲ್ಪ ಸೇರಿಸುತ್ತೇನೆ.

ಇರುಳಿನ ಸಸ್ತನಿಗಳ ಕಣ್ಣಿನಲ್ಲಿ ಮಂದ ಬೆಳಕನ್ನು ಗ್ರಹಿಸುವ ದಂಡಕೋಶಗಳು ತುಂಬಿರುತ್ತವೆ. ಅವು ನೀಲಿ ಮತ್ತು ಹಸಿರು ಬೆಳಕಿಗೆ ಹೆಚ್ಚು ಸ್ಪಂದಿಸುತ್ತವೆ, ಕೆಂಪಿಗೆ ಬಹಳ ಕಡಿಮೆ. ಕಣ್ಣಿನ ಹಿಂದೆ ಕನ್ನಡಿಯಂತಹ ಒಂದು ಪದರವಿದ್ದು ಬೆಳಕನ್ನು ಮರಳಿ ಕಳುಹಿಸುವುದರಿಂದಲೇ ಕಾಡುಪಾಪದ ಕಣ್ಣು ಕಿತ್ತಳೆಯಾಗಿ ಹೊಳೆಯುತ್ತದೆ. ಅಂದರೆ ನಮಗೆ ಸುಂದರವಾಗಿ ಕಾಣುವ ಆ ಹೊಳಪು, ಅದರ ಕಣ್ಣಿಗೆ ಬೆಳಕು ಎರಡು ಸಲ ಹಾಯುತ್ತಿರುವುದರ ಗುರುತು. ಕಾಡುಪಾಪಗಳ ಗಣತಿ ಮಾಡುವವರೂ ಕೆಂಪು ಬೆಳಕನ್ನೇ ಬಳಸುವುದು ಇದಕ್ಕಾಗಿ. ಹಾಗೆಂದು ಕೆಂಪು ಬೆಳಕು ಪೂರ್ತಿ ನಿರುಪದ್ರವಿ ಎಂದು ತಿಳಿಯಬಾರದು. ಅದನ್ನೂ ಹೊತ್ತುಗಟ್ಟಲೆ ಮುಖಕ್ಕೆ ಹಿಡಿದರೆ ಪ್ರಾಣಿ ಆಹಾರ ಹುಡುಕುವುದನ್ನು ಬಿಟ್ಟು ಕೂರುತ್ತದೆ. ಅಂಗೈಯಲ್ಲಿ ಹಿಡಿಸುವಷ್ಟು ಚಿಕ್ಕ ಆ ಜೀವ ಇರುವೆ, ಗೆದ್ದಲು, ಜೀರುಂಡೆಗಳನ್ನು ಒಂದೊಂದಾಗಿ ಹಿಡಿದು ಹೊಟ್ಟೆ ತುಂಬಿಸಿಕೊಳ್ಳಬೇಕು. ನಾವು ಕಸಿಯುವ ಅರ್ಧ ಗಂಟೆ ಅದಕ್ಕೆ ಚಿಕ್ಕದಲ್ಲ.

ನಮ್ಮ ಕಣ್ಣಿನ ವಿಷಯವೂ ಇದೆ. ಕತ್ತಲೆಗೆ ಪೂರ್ತಿಯಾಗಿ ಹೊಂದಿಕೊಳ್ಳಲು ನಮ್ಮ ಕಣ್ಣಿಗೆ ಇಪ್ಪತ್ತರಿಂದ ಮೂವತ್ತು ನಿಮಿಷ ಬೇಕು, ಯಾರೋ ಒಬ್ಬರು ಒಮ್ಮೆ ಮೊಬೈಲ್ ತೆರೆದರೆ ಅಷ್ಟೂ ವ್ಯರ್ಥ. ಹಾಗಾಗಿ ಮೊಬೈಲುಗಳನ್ನು ಮನೆಯ ಜಗಲಿಯಲ್ಲೇ ಬಿಟ್ಟು ಹೋಗುವ ನಿಯಮ ಮಾಡಿ. ಇದರಿಂದ ಇನ್ನೊಂದು ಅನಾಹುತವೂ ತಪ್ಪುತ್ತದೆ: ಗೂಬೆ, ಕಪ್ಪೆಬಾಯಿ ಹಕ್ಕಿಗಳ ಕೂಗನ್ನು ಮೊಬೈಲಿನಲ್ಲಿ ನುಡಿಸಿ ಅವುಗಳನ್ನು ಹತ್ತಿರಕ್ಕೆ ಕರೆಯುವ ಕೆಟ್ಟ ಅಭ್ಯಾಸ. ತನ್ನ ಜಾಗಕ್ಕೆ ಬೇರೊಂದು ಹಕ್ಕಿ ನುಗ್ಗಿದೆ ಎಂದು ಅದು ಗೂಡು ಬಿಟ್ಟು ಓಡಿಬರುತ್ತದೆ. ಕಪ್ಪೆಬಾಯಿ ಹಕ್ಕಿ ಇಡುವುದು ಒಂದೇ ಒಂದು ಮೊಟ್ಟೆ.

ವೆಲ್ಲಿಂಗ್ಟನಿನಿಂದ (ಎಪ್ರಿಲ್ 20)

ಬದಿಯಡ್ಕದ ಸಮೀಪ ಹುಟ್ಟಿ ಬೆಳೆದ ನಾನು ಈಗ ಒಂಬತ್ತು ವರ್ಷಗಳಿಂದ ನ್ಯೂಜಿಲೆಂಡಿನ ವೆಲ್ಲಿಂಗ್ಟನಿನಲ್ಲಿದ್ದೇನೆ. ಇಲ್ಲಿ ನಗರದ ಮಗ್ಗುಲಲ್ಲೇ ಜೀಲ್ಯಾಂಡಿಯಾ ಎಂಬ ವನ್ಯಧಾಮವಿದೆ. ಹಿಂದೆ ನಗರಕ್ಕೆ ಕುಡಿಯುವ ನೀರು ಕೊಡುತ್ತಿದ್ದ 225 ಹೆಕ್ಟೇರಿನ ಕಣಿವೆ ಅದು. 1999ರಲ್ಲಿ ಅದರ ಸುತ್ತ 8.6 ಕಿಲೋಮೀಟರ್ ಉದ್ದದ ಬೇಲಿಯನ್ನು ಕಟ್ಟಿ ಮುಗಿಸಿದರು. ಬಾವಲಿಗಳನ್ನು ಬಿಟ್ಟರೆ ಈ ದೇಶದ ನೆಲದಲ್ಲಿ ಮೂಲತಃ ಸಸ್ತನಿಗಳೇ ಇರಲಿಲ್ಲ. ಆಮೇಲೆ ಮನುಷ್ಯರ ಜೊತೆ ಬಂದ ಇಲಿ, ಬೆಕ್ಕು, ಮುಂಗುಸಿಯಂಥ ಸ್ಟೋಟ್‌ಗಳು ಹಾರಲಾರದ ಹಕ್ಕಿಗಳನ್ನು ತಿಂದು ಮುಗಿಸತೊಡಗಿದವು. ಆ ಬೇಲಿ ಅವುಗಳನ್ನು ಹೊರಗಿಡಲು.

ಅಲ್ಲಿನ ರಾತ್ರಿ ನಡಿಗೆಗೆ ನಾನು ಎರಡು ಸಲ ಹೋಗಿದ್ದೇನೆ. ಮೊದಲು ಒಳಗೆ ಕೂರಿಸಿ ನಿಯಮಗಳನ್ನು ಹೇಳುತ್ತಾರೆ, ಬಳಿಕ ಪ್ರತಿಯೊಬ್ಬರಿಗೂ ಅವರದೇ ಕೆಂಪು ಟಾರ್ಚು ಕೊಡುತ್ತಾರೆ. ನಮ್ಮ ಬೆಳಕನ್ನು ಒಯ್ಯುವಂತಿಲ್ಲ. ಸಂಜೆಯ ಬೆಳಕು ಇರುವಾಗಲೇ ಹೊರಟು ಕಣ್ಣು ಮತ್ತು ಕತ್ತಲೆ ಜೊತೆಜೊತೆಗೆ ಹೊಂದಿಕೊಳ್ಳುವಂತೆ ನಿಧಾನವಾಗಿ ನಡೆಸುತ್ತಾರೆ. ಟುವಟಾರಾ ಎಂಬ ಅತ್ಯಂತ ಪ್ರಾಚೀನ ವಂಶದ ಸರೀಸೃಪ ತನ್ನ ಬಿಲದ ಬಾಯಲ್ಲಿ ಕೂತಿರುತ್ತದೆ. ಅದನ್ನು 2005ರಲ್ಲಿ ಅಲ್ಲಿಗೆ ತಂದು ಬಿಟ್ಟರು. ತೊರೆಯ ದಂಡೆಯ ಮಣ್ಣಿನಲ್ಲಿ ಮಿನುಗುವ ಹುಳುಗಳಿವೆ. ಕಿವಿ ಹಕ್ಕಿಯನ್ನು ನಾನು ಮೊದಲ ಸಲ ನೋಡಲೇ ಇಲ್ಲ, ಕೂಗು ಮಾತ್ರ ಕೇಳಿದೆ. ಎರಡನೆಯ ಸಲ ಎಲೆಗಳ ನಡುವೆ ಕೊಕ್ಕು ತೂರಿಸಿ ಮೂಸುತ್ತಾ ಹೋದ ಒಂದು ಕಂದು ಉಂಡೆಯನ್ನು ಕೆಲವು ಕ್ಷಣ ಕಂಡೆ. ಕಂಡವರು ಯಾರೂ ಉಸಿರೆತ್ತಲಿಲ್ಲ. ಕಾಣದೆ ಹಿಂದಿರುಗುವ ಸಂಭವವಿದೆ ಎಂಬುದನ್ನು ಹಣ ತೆಗೆದುಕೊಳ್ಳುವ ಮೊದಲೇ ಅವರು ಹೇಳಿಬಿಡುತ್ತಾರೆ. ಮಾಷ್ಟ್ರು ಇದನ್ನು ಖಂಡಿತ ಅನುಸರಿಸಬೇಕು, ಯಾಕೆಂದರೆ ತೋರಿಸುತ್ತೇನೆಂದು ಮಾತು ಕೊಟ್ಟ ಮಾರ್ಗದರ್ಶಕ ಕೊನೆಗೆ ಮರವನ್ನು ಅಲುಗಾಡಿಸಿಯಾದರೂ ತೋರಿಸಬೇಕಾಗುತ್ತದೆ.

ಆದರೆ ಒಂದು ವ್ಯತ್ಯಾಸವನ್ನು ಮರೆಯಬಾರದು. ಇಲ್ಲಿ ಬೇಲಿಯ ಒಳಗೆ ಮನುಷ್ಯನಿಗೆ ಅಪಾಯ ಮಾಡುವ ಪ್ರಾಣಿಯಿಲ್ಲ, ಇಡೀ ದೇಶದ ನೆಲದಲ್ಲಿ ಒಂದು ಹಾವೂ ಇಲ್ಲ. ನಮ್ಮ ಗುಡ್ಡೆ ಹಾಗಲ್ಲ.

ಪಯಸ್ವಿನಿ ದಂಡೆ (ಎಪ್ರಿಲ್ 20)

ಕೊನೆಯ ವಾಕ್ಯವನ್ನು ಹಿಡಿದುಕೊಂಡೇ ಬರೆಯುತ್ತೇನೆ. ನನ್ನ ಮನೆ ಅಡೂರಿನ ಬದಿಯಲ್ಲಿ. ಇಲ್ಲಿ ದೇಲಂಪಾಡಿ, ಕಾರಡ್ಕ, ಮುಳಿಯಾರು ಭಾಗಗಳಿಗೆ ಆನೆಗಳು ಕಾಡಿನಿಂದ ಇಳಿದು ಬಂದು ಬಾಳೆ, ತೆಂಗು, ಅಡಿಕೆಯನ್ನು ನೆಲಸಮ ಮಾಡಿದ ನೋವನ್ನು ನಾವು ವರ್ಷಗಳಿಂದ ಅನುಭವಿಸಿದ್ದೇವೆ. ತೂಗುವ ಸೋಲಾರ್ ಬೇಲಿ ಬಂದ ಮೇಲೆ ಕಷ್ಟ ಕಡಿಮೆಯಾಗಿದೆ, ಆದರೆ ಈಚಿನ ವರ್ಷಗಳಲ್ಲಿ ಚಿರತೆಯ ಭಯ ಸೇರಿಕೊಂಡಿದೆ. ರಬ್ಬರ್ ಟ್ಯಾಪಿಂಗಿಗೆ ಬೆಳಗಿನ ಜಾವ ಹೋಗುವವರು ಒಂಟಿಯಾಗಿ ಹೋಗುತ್ತಿಲ್ಲ. ಮಾಷ್ಟ್ರ ಗುಡ್ಡೆಯಲ್ಲಿ ಇದು ನಡೆಯಬಹುದು. ನಡೆದ ಸುದ್ದಿ ಹಬ್ಬಿದ ಮೇಲೆ ನಮ್ಮ ಕಡೆಯ ಹುಡುಗರೂ ಅಂಥದ್ದನ್ನೇ ಮಾಡಲು ಹೊರಟರೆ ಜೀವಕ್ಕೆ ಕುತ್ತು. ಆನೆ ಓಡಾಡುವ ಜಾಗದಲ್ಲಿ ಅರಣ್ಯ ಇಲಾಖೆಯವರು ತಾವೇ ಕರೆದುಕೊಂಡು ಹೋಗದ ಹೊರತು ರಾತ್ರಿ ನಡಿಗೆಯೆಂಬ ಮಾತನ್ನೇ ಎತ್ತಬಾರದು.

ಹಾವಿನ ಬಗ್ಗೆಯೂ ಸ್ಪಷ್ಟವಾಗಿರಬೇಕು. ಅಡಿಕೆ ತೋಟದ ಸೋಗೆ, ತರಗೆಲೆಗಳ ನಡುವೆ ಇರುವ ಗೂನುಮೂಗಿನ ಗುಳಿಮಂಡಲದ ಕಡಿತಕ್ಕೆ ನಮ್ಮ ಆಸ್ಪತ್ರೆಗಳಲ್ಲಿ ಸಿಗುವ ಪ್ರತಿವಿಷ ಕೆಲಸ ಮಾಡುವುದಿಲ್ಲ. ಅದು ನಾಗರ, ಕಟ್ಟುಹಾವು, ಕೊಳಕುಮಂಡಲ ಮತ್ತು ಗರಗಸಮಂಡಲಗಳಿಗೆ ಮಾತ್ರ. ಮೊಣಕಾಲಿನವರೆಗಿನ ಗಮ್‌ಬೂಟ್ ಇಲ್ಲದವರನ್ನು ಕರೆದೊಯ್ಯಬೇಡಿ. ರಸ್ತೆಯ ತುದಿಯಲ್ಲಿ ಚಾಲಕನಿರುವ ಒಂದು ಜೀಪು ಸಿದ್ಧವಿರಲಿ.

ಕಾಸರಕ (ಎಪ್ರಿಲ್ 21)

ಕಾನೂನಿನ ಕುರಿತು ಯಾರೂ ಬರೆದಿಲ್ಲ. ಮೀಸಲು ಅರಣ್ಯದೊಳಗೆ ಅನುಮತಿಯಿಲ್ಲದೆ ಕಾಲಿಡುವುದು 1961ರ ಕೇರಳ ಅರಣ್ಯ ಕಾಯಿದೆಯಂತೆ ಅಪರಾಧ. ಇದು ಖಾಸಗಿ ಜಾಗವಾದುದರಿಂದ ಆ ತೊಡಕಿಲ್ಲ. ಆದರೆ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆ ನಿಮ್ಮ ಅಂಗಳಕ್ಕೂ ಅನ್ವಯಿಸುತ್ತದೆ. ಕಾಡುಪಾಪ ಅದರ ಮೊದಲನೆಯ ಪಟ್ಟಿಯಲ್ಲಿದೆ. ಕೊಂದರೆ ಮಾತ್ರ ಬೇಟೆ ಎಂದು ಜನ ತಿಳಿದಿದ್ದಾರೆ. ಹಿಡಿಯುವುದು, ಅಟ್ಟುವುದು, ಆಮಿಷ ಒಡ್ಡುವುದು, ಹಕ್ಕಿಯ ಗೂಡಿಗೂ ಮೊಟ್ಟೆಗೂ ತೊಂದರೆ ಕೊಡುವುದು ಎಲ್ಲವೂ ಆ ಕಾಯಿದೆಯ ಅರ್ಥದಲ್ಲಿ ಬೇಟೆಯೇ. ಹಲಸಿನ ಹಣ್ಣು ಇಟ್ಟು ಪುನುಗನ್ನು ಕರೆಯುವ ಆಲೋಚನೆ ಯಾರಿಗಾದರೂ ಇದ್ದರೆ ಈಗಲೇ ಬಿಡಲಿ.

ಪಂಚಾಯತಿನ ಜೀವವೈವಿಧ್ಯ ನಿರ್ವಹಣಾ ಸಮಿತಿಗೆ ಬರಹದಲ್ಲಿ ತಿಳಿಸಿ ಆರಂಭಿಸುವುದು ಒಳ್ಳೆಯದು. 2002ರ ಜೀವವೈವಿಧ್ಯ ಕಾಯಿದೆಯಂತೆ ಪ್ರತಿ ಪಂಚಾಯತಿಗೂ ಜನತಾ ಜೀವವೈವಿಧ್ಯ ದಾಖಲೆ ಇರಬೇಕು. ನೀವು ಪ್ರತಿ ನಡಿಗೆಯಲ್ಲಿ ಕಂಡುದನ್ನೂ ಕೇಳಿದುದನ್ನೂ ಬರೆದಿಟ್ಟು ಅಲ್ಲಿಗೆ ಕೊಡಬಹುದು. ಹೆಸರುಗಳನ್ನು ಕನ್ನಡ, ತುಳು, ಮಲಯಾಳ ಮೂರರಲ್ಲೂ ಬರೆಯಿರಿ. ಕಾಡುಪಾಪವನ್ನು ಕುಟ್ಟಿತೇವಾಂಗ್ ಎಂದರೆ ಮಾತ್ರ ಗುರುತಿಸುವ ಹಿರಿಯರು ನಮ್ಮಲ್ಲಿ ಅನೇಕರಿದ್ದಾರೆ, ಅವರ ನೆನಪುಗಳು ಹಾಗೆ ಹೊರಬರುತ್ತವೆ.

ಸುರಂಗದ ನೀರು (ಎಪ್ರಿಲ್ 22)

ಮಾಷ್ಟ್ರೇ, ನಿಮ್ಮ ಗುಡ್ಡೆಯಲ್ಲಿ ನೀರಿಗಾಗಿ ಅಡ್ಡಕ್ಕೆ ಕೊರೆದ ಸುರಂಗ ಇದೆಯೇ ಎಂದು ನೀವು ಬರೆದಿಲ್ಲ, ಆದರೆ ಮುರಕಲ್ಲಿನ ಗುಡ್ಡೆಯ ಬುಡದಲ್ಲಿ ತೋಟವಿದ್ದ ಮೇಲೆ ಒಂದಾದರೂ ಇರಲೇಬೇಕು. ನಮ್ಮ ಮನೆಯ ಎರಡು ಸುರಂಗಗಳಲ್ಲಿ ಒಂದು ಬತ್ತಿದೆ, ಅದು ಈಗ ಬಾವಲಿಗಳ ಮನೆ. ಸಂಜೆ ಅವು ಹೊರಡುವ ಹೊತ್ತಿಗೆ ಬಾಯಿಯಿಂದ ದೂರ ಕೂತು ನೋಡಿದರೆ ಹೊಗೆ ಎದ್ದಂತೆ ಕಾಣುತ್ತದೆ. ಯಾರನ್ನೂ ಒಳಗೆ ಬಿಡಬೇಡಿ. ಮರಿಗಳಿರುವ ಕಾಲದಲ್ಲಿ ಒಮ್ಮೆ ಬೆದರಿದರೆ ಮರಿಗಳು ನೆಲಕ್ಕೆ ಬಿದ್ದು ಸಾಯುತ್ತವೆ. ಒಮ್ಮೆ ನಮ್ಮ ಸಂಬಂಧಿಕರ ಮಕ್ಕಳು ನೋಡಬೇಕೆಂದು ಹಟ ಹಿಡಿದಾಗ ನಾನೇ ದೀಪ ಹಿಡಿದು ಕರೆದುಕೊಂಡು ಹೋಗಿದ್ದೆ. ಮರುದಿನ ಬೆಳಗ್ಗೆ ಸುರಂಗದ ನೆಲದಲ್ಲಿ ಕಂಡುದನ್ನು ನಾನು ಮರೆತಿಲ್ಲ.

2018ರಲ್ಲಿ ಕೋಯಿಕ್ಕೋಡಿನಲ್ಲಿ ನಿಪಾ ಜ್ವರ ಬಂದಂದಿನಿಂದ ಬಾವಲಿಯೆಂದರೆ ಜನರಿಗೆ ಭಯ. ಬಾವಲಿ ಕಚ್ಚಿದ ಹಣ್ಣನ್ನು ತಿನ್ನಬಾರದು, ಅವು ತಂಗುವ ಜಾಗಕ್ಕೆ ಹೋಗಬಾರದು ಎಂಬ ಎಚ್ಚರ ಸರಿಯಾದದ್ದೇ. ಆದರೆ ಆ ಭಯದಲ್ಲಿ ಮರಗಳನ್ನು ಕಡಿದು, ಪಟಾಕಿ ಸಿಡಿಸಿ ಅವುಗಳನ್ನು ಓಡಿಸುವುದು ತಪ್ಪು. ಹಾಗೆ ಬೆದರಿಸಿದಾಗಲೇ ಅವು ಚದುರಿ ಮನೆಗಳ ಹತ್ತಿರಕ್ಕೆ ಬರುತ್ತವೆ. ನಮ್ಮ ತೋಟದಲ್ಲಿ ಹಣ್ಣಡಿಕೆಯ ಸಿಪ್ಪೆಯನ್ನು ಚೀಪಿ ಅವು ಬೀಳಿಸಿದ ಅಡಿಕೆಯನ್ನು ಬಾವಲಿ ಅಡಿಕೆಯೆಂದು ಹೆಕ್ಕಿ ಮಾರಿ ನಮ್ಮ ಅಮ್ಮ ಮಕ್ಕಳ ಪುಸ್ತಕಕ್ಕೆ ಹಣ ಕೂಡಿಸುತ್ತಿದ್ದರು. ಈಗ ಹೆಕ್ಕುವವರು ಕೈಗವಸು ಹಾಕಿಕೊಳ್ಳಬೇಕು, ಅಷ್ಟೆ. ನಡಿಗೆಯಲ್ಲಿ ಮಕ್ಕಳಿಗೆ ಈ ಎರಡನ್ನೂ ಒಟ್ಟಿಗೆ ಹೇಳಿಕೊಡುವ ಮಾರ್ಗದರ್ಶಕರು ಬೇಕು.

ನಾಗಬನದ ಬಗ್ಗೆ ಒಂದು ಮಾತು: ಬನದ ಕಟ್ಟೆಯಿಂದ ಈಚೆಗೇ ದಾರಿ ತಿರುಗಲಿ. ಅಲ್ಲಿ ಸೊಪ್ಪು ಮುರಿಯಬಾರದು, ಉಗುಳಬಾರದು, ಕತ್ತಲಾದ ಮೇಲೆ ಕಾಲಿಡಬಾರದು ಎಂದು ಹಿರಿಯರು ಹಾಕಿದ ಕಟ್ಟಳೆಯಿಂದಾಗಿಯೇ ಗುಡ್ಡೆಯ ಅತಿ ಹಳೆಯ ಮರಗಳು ಉಳಿದಿವೆ.

ಗೇರುಗುಡ್ಡೆಯ ಕೆಳಗೆ (ಎಪ್ರಿಲ್ 24)

ನಾನು ಎಣ್ಮಕಜೆಯವನು. ಇಲ್ಲಿ ಬರೆಯಬೇಕೋ ಬೇಡವೋ ಎಂದು ಎರಡು ದಿನ ಯೋಚಿಸಿದೆ.

ನಮ್ಮ ಮನೆಯ ಮೇಲಿನ ಗೇರುತೋಟಗಳಿಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಕೀಟನಾಶಕ ಸಿಂಪಡಿಸುತ್ತಿದ್ದ ವರ್ಷಗಳಲ್ಲಿ ನಾನು ಶಾಲೆಗೆ ಹೋಗುತ್ತಿದ್ದೆ. ಸಿಂಪಡಣೆ ನಿಂತದ್ದು 2000ದ ಸುಮಾರಿಗೆ, ಸುಪ್ರೀಂ ಕೋರ್ಟು ಆ ವಿಷವನ್ನು ದೇಶದಲ್ಲೆಲ್ಲ ತಡೆದದ್ದು 2011ರಲ್ಲಿ. ಮನುಷ್ಯರಿಗೆ ಆದುದನ್ನು ಎಲ್ಲರೂ ಬಲ್ಲರು, ನಮ್ಮ ಮನೆಯಲ್ಲೂ ಆಗಿದೆ. ನಾನು ಹೇಳಲು ಹೊರಟಿರುವುದು ರಾತ್ರಿಯ ವಿಷಯ. ಆ ಕೆಲವು ಮಳೆಗಾಲಗಳಲ್ಲಿ ನಮ್ಮ ತೋಡಿನಲ್ಲಿ ಕಪ್ಪೆಗಳು ಕೂಗಲಿಲ್ಲ. ಮಳೆಯ ಸದ್ದು ನಿಂತರೆ ಇನ್ನೇನೂ ಕೇಳುತ್ತಿರಲಿಲ್ಲ. ಅಜ್ಜ ಜಗಲಿಯಲ್ಲಿ ಕೂತು, ಇದೆಂಥ ಮಳೆಗಾಲ ಎಂದು ಕೇಳುತ್ತಿದ್ದರು. ಮಿಣುಕುಹುಳಗಳನ್ನು ಬಾಟಲಿಯಲ್ಲಿ ತುಂಬಿಸುವ ವಯಸ್ಸಿನಲ್ಲಿ ನನಗೆ ತುಂಬಿಸಲು ಹುಳಗಳು ಸಿಗಲಿಲ್ಲ.

ಈಗ ಕೂಗುತ್ತಿವೆ. ಹಿಂದಿನಷ್ಟು ಇವೆಯೇ ಎಂದು ಹೇಳಲಾರೆ, ಅಂದು ಯಾರೂ ಎಣಿಸಿಟ್ಟಿರಲಿಲ್ಲ. ಅದಕ್ಕಾಗಿ ಮಾಷ್ಟ್ರಲ್ಲಿ ಪ್ರಾರ್ಥನೆ: ನಡಿಗೆಯಲ್ಲಿ ಕೇಳಿದ ಪ್ರತಿಯೊಂದು ಕೂಗನ್ನೂ ದಿನಾಂಕ, ಹೊತ್ತು, ಮಳೆಯ ವಿವರ ಸಹಿತ ಬರೆಸಿ. ನಮ್ಮಲ್ಲಿ ಅಂಥ ಒಂದು ಪುಸ್ತಕ ಇರುತ್ತಿದ್ದರೆ ಅಜ್ಜನ ಮಾತಿಗೆ ಸಾಕ್ಷಿ ಇರುತ್ತಿತ್ತು.

ಸಂಘದಿಂದ ಒಬ್ಬ (ಎಪ್ರಿಲ್ 26)

ಮಾಷ್ಟ್ರು ಹೇಳಿದ ಯುವಕ ಸಂಘದಲ್ಲಿ ನಾನೂ ಒಬ್ಬ. ಎಲ್ಲವನ್ನೂ ಓದಿದೆ, ತಿಳಿಯದೆ ಇದ್ದದ್ದು ಬಹಳ ತಿಳಿಯಿತು. ಆದರೂ ನಮ್ಮ ಪಕ್ಷದ ಮಾತನ್ನು ಹೇಳಬೇಕು.

ಪಕ್ಕದ ಗುಡ್ಡೆಯನ್ನು ಕಳೆದ ವರ್ಷ ಕೆಂಪುಕಲ್ಲು ಕೊಯ್ಯಲು ಮಾರಿದರು. ಈಗ ಅಲ್ಲಿ ಹಗಲು ಧೂಳು, ಮಳೆಗಾಲಕ್ಕೆ ಕೆಸರು. ನಮ್ಮ ಗುಡ್ಡೆಯ ಮೂರು ಮನೆಗಳಲ್ಲಿ ಒಂದು ಮನೆಯ ಮಕ್ಕಳು ಬೆಂಗಳೂರಿನಲ್ಲಿದ್ದಾರೆ, ಅವರಿಗೆ ಬೆಲೆ ಹೇಳಿಕೊಂಡು ಬ್ರೋಕರುಗಳು ಬರುತ್ತಿದ್ದಾರೆ. ಎಂಟು ಜನ ಗುಟ್ಟಾಗಿ ನಡೆದು ಬಂದರೆ ಈ ಗುಡ್ಡೆ ಬೇಕೆಂದು ಕೇಳುವವರು ಎಂಟೇ ಜನ ಇರುತ್ತಾರೆ. ನಲುವತ್ತು ಜನ ಬಂದರೆ, ತಿಂಗಳಿಗೆ ನಾಲ್ಕು ಸಲ ಬಂದರೆ, ಊರಿಗೆ ಊರೇ ಇದು ನಮ್ಮದೆಂದು ಹೇಳೀತು, ಮನೆಯವರಿಗೂ ಸ್ವಲ್ಪ ಆದಾಯ ಬಂದೀತು ಎಂಬುದು ನಮ್ಮ ಎಣಿಕೆ. ಪ್ರಾಣಿಗಳಿಗೆ ಒಂದು ರಾತ್ರಿ ತೊಂದರೆಯಾಗುವುದು ದೊಡ್ಡದೋ, ಗುಡ್ಡೆಯೇ ಹೋಗುವುದು ದೊಡ್ಡದೋ?

ಹಳೆಯ ವಾಚರ್ (ಎಪ್ರಿಲ್ 26)

ತಮ್ಮಾ, ನಿನ್ನ ಪ್ರಶ್ನೆ ನ್ಯಾಯವಾದದ್ದು. ನನಗೆ ಸಿಟ್ಟು ಬರಲಿಲ್ಲ, ಸಂತೋಷವೇ ಆಯಿತು.

ತೇಕ್ಕಡಿಯ ಪೆರಿಯಾರ್ ಹುಲಿಧಾಮದಲ್ಲಿ ಒಂದು ಕಾಲಕ್ಕೆ ಕಾಡಿನಿಂದ ದಾಲ್ಚಿನ್ನಿಯ ಜಾತಿಯ ವಯನ ಮರದ ತೊಗಟೆಯನ್ನು ಕದ್ದು ತರುತ್ತಿದ್ದವರನ್ನೇ ಇಲಾಖೆ ಕಾವಲಿಗೂ ಮಾರ್ಗದರ್ಶನಕ್ಕೂ ಸೇರಿಸಿಕೊಂಡಿತು. ಅಲ್ಲಿ ಅರಣ್ಯ ಸಿಬ್ಬಂದಿಯ ಜೊತೆ ರಾತ್ರಿಯ ಗಸ್ತಿಗೇ ಪ್ರವಾಸಿಗರನ್ನು ಕರೆದೊಯ್ಯುವ ಕ್ರಮವಿದೆ, ಗುಂಪು ಚಿಕ್ಕದು. ನೋಡುವವನು ಕಾಯುವವನ ಹಿಂದೆ ನಡೆಯುತ್ತಾನೆ, ಅವನ ಹಣ ಕಾವಲಿಗೆ ಆಗುತ್ತದೆ. ನೀವೂ ಇದನ್ನು ಕಾವಲಿನ ನಡಿಗೆ ಎಂದೇ ಕರೆಯಿರಿ. ಬೇಟೆಗೆ ಬರುವವರು ಇದ್ದರೆ ಅವರಿಗೂ ಆ ಸುದ್ದಿ ತಲುಪುತ್ತದೆ.

ನಲುವತ್ತು ಜನರ ಮಾತಿಗೆ ನನ್ನಲ್ಲಿ ಒಂದು ದಾರಿ ಇದೆ. ನಡೆದರೆ ನಲುವತ್ತು ಜನ ಹೆಚ್ಚು, ಕೂತರೆ ಹೆಚ್ಚಲ್ಲ. ಕೋರೆಯ ದಂಡೆಯಲ್ಲಿ ಚಾಪೆ ಹಾಸಿ ಊರಿನವರೆಲ್ಲ ಬೆಳಕಿಲ್ಲದೆ ಒಂದು ಗಂಟೆ ಕೂರಲಿ. ನಾವು ಚಿಕ್ಕಂದಿನಲ್ಲಿ ಯಕ್ಷಗಾನ ನೋಡಿ, ಕೋಲ ನೋಡಿ, ತೆಂಗಿನ ಗರಿಯ ಸೂಟೆ ಬೀಸಿಕೊಂಡು ಮೈಲುಗಟ್ಟಲೆ ನಡೆದು ಬರುತ್ತಿದ್ದೆವು. ಸೂಟೆ ಆರಿದರೆ ಕತ್ತಲಲ್ಲೇ ನಡೆಯುತ್ತಿದ್ದೆವು, ಯಾವ ತಿರುವಿನಲ್ಲಿ ಯಾವ ಕೂಗು ಎಂದು ಕಿವಿಗೆ ಗೊತ್ತಿತ್ತು. ಮೊದಲು ಕಿವಿ ಕಲಿಯಲಿ. ಕೂತು ಕೇಳಿದವರಲ್ಲಿ ಆಸಕ್ತಿ ಉಳಿದವರು ಸರದಿಯಲ್ಲಿ ಎಂಟೆಂಟು ಜನರಾಗಿ ನಡೆಯಲಿ.

ಮಿಣುಕು (ಎಪ್ರಿಲ್ 27)

ಕೋರೆಯ ದಂಡೆ ಎಂದುದಕ್ಕೆ ಒಂದು ಎಚ್ಚರಿಕೆ. ಮಳೆ ಹಿಡಿಯುವ ಮೊದಲು ನತ್ತಿಂಗ ಗೂಡು ಕಟ್ಟದೆ ಬರೇ ನೆಲದ ಮೇಲೆ ಮೊಟ್ಟೆ ಇಟ್ಟಿರುತ್ತದೆ; ಮಣ್ಣಿನ ಬಣ್ಣದ್ದೇ ಆದ ಆ ಮೊಟ್ಟೆಗಳು ಕಾಲಿಗೆ ಸಿಕ್ಕಿದ ಮೇಲೆ ಮಾತ್ರ ಕಾಣುತ್ತವೆ. ಹಗಲೇ ಹೋಗಿ ಚಾಪೆ ಹಾಸುವ ಜಾಗವನ್ನೂ ದಾರಿಯನ್ನೂ ಗುರುತು ಮಾಡಿ, ಅದನ್ನು ಬಿಟ್ಟು ಇಳಿಯದಂತೆ ಹಗ್ಗ ಕಟ್ಟಿ. ಕೆಲವು ಜಾತಿಯ ಮಿಣುಕುಹುಳಗಳ ಹೆಣ್ಣಿಗೆ ರೆಕ್ಕೆ ಇಲ್ಲ, ಅವೂ ಹುಲ್ಲಿನ ನಡುವೆ ನೆಲದಲ್ಲೇ ಇದ್ದು ಬೆಳಕಿನಿಂದ ಗಂಡನ್ನು ಕರೆಯುತ್ತವೆ. ಕಪ್ಪೆಗಳನ್ನು ಯಾರೂ ಮುಟ್ಟಬಾರದು: ಅವು ಚರ್ಮದಿಂದಲೂ ಉಸಿರಾಡುತ್ತವೆ, ಸೊಳ್ಳೆಗೂ ಇಂಬಳಕ್ಕೂ ನಾವು ಹಚ್ಚಿಕೊಂಡ ಎಣ್ಣೆ ಅವುಗಳ ಮೈಗೆ ಇಳಿಯುತ್ತದೆ.

ತಮಿಳುನಾಡಿನ ದಿಂಡಿಗಲ್ ಮತ್ತು ಕರೂರು ಜಿಲ್ಲೆಗಳಲ್ಲಿ 2022ರಲ್ಲಿ 11,806 ಹೆಕ್ಟೇರ್ ಜಾಗವನ್ನು ಕಾಡುಪಾಪಕ್ಕೆಂದೇ ಕಡವೂರು ಅಭಯಾರಣ್ಯವೆಂದು ಘೋಷಿಸಿದ್ದಾರೆ. ನಮ್ಮದು ಹದಿನೆಂಟು ಎಕರೆ. ಆದರೂ ಅದು ಜಿಗಿಯಲಾರದ ಪ್ರಾಣಿ, ಕೊಂಬೆಯಿಂದ ಕೊಂಬೆಗೆ ಕೈ ಚಾಚಿಯೇ ದಾಟಬೇಕು. ಗುಡ್ಡೆಯ ಕಾಡಿಗೂ ಬನಕ್ಕೂ ನಡುವೆ ಬಳ್ಳಿಗಳ ಸಂಪರ್ಕ ಕಡಿಯದಂತೆ ನೋಡಿಕೊಂಡರೆ ಹದಿನೆಂಟು ಎಕರೆಯೂ ಅದಕ್ಕೆ ದೊಡ್ಡದಾಗುತ್ತದೆ. ದಾರಿ ಬಿಡಿಸುವಾಗ ತಲೆಗೆ ತಾಗುವ ಬಳ್ಳಿಯನ್ನು ಕಡಿಯಬೇಡಿ, ಬಗ್ಗಿ ನಡೆಯಿರಿ.

ಪದವಿನ ಹುಲ್ಲು (ಜೂನ್ 15)

ಇಷ್ಟು ದಿನ ಬರೆಯದೆ ಇದ್ದುದಕ್ಕೆ ಕ್ಷಮೆ ಇರಲಿ. ಮಳೆ ಹಿಡಿಯಲು ಕಾಯುತ್ತಿದ್ದೆವು.

ಜೂನ್ 7ರ ರಾತ್ರಿ ಕೋರೆಯ ದಂಡೆಯಲ್ಲಿ ಮೂವತ್ತಾರು ಜನ ಕೂತರು, ಅವರಲ್ಲಿ ಹದಿನಾಲ್ಕು ಮಕ್ಕಳು. ಮೊದಲ ಹದಿನೈದು ನಿಮಿಷ ಕೆಮ್ಮು, ಪಿಸುಮಾತು, ಸೊಳ್ಳೆ ಹೊಡೆಯುವ ಸದ್ದು. ಬಳಿಕ ಕೋರೆಯ ಆಚೆ ದಂಡೆಯಿಂದ ಒಂದು ಕಪ್ಪೆ ಆರಂಭಿಸಿತು, ಅರ್ಧ ಗಂಟೆಯಲ್ಲಿ ಪಕ್ಕದವರ ಮಾತು ಕೇಳಿಸದಷ್ಟು ಕೂಗು ತುಂಬಿತು. ಏಳನೆಯ ತರಗತಿಯ ಹುಡುಗಿಯೊಬ್ಬಳು ಕತ್ತಲಲ್ಲೇ ಐದು ಬೇರೆ ಬೇರೆ ಕೂಗುಗಳನ್ನು ಎಣಿಸಿದಳು. ಅವುಗಳಲ್ಲಿ ಮೂರನ್ನು ಮಾತ್ರ ನಾವು ಗುರುತಿಸಿದೆವು. ಎಣ್ಮಕಜೆಯ ಅಣ್ಣ ಹೇಳಿದಂತೆ ಎಲ್ಲವನ್ನೂ ಒಂದು ದೊಡ್ಡ ನೋಟ್‌ಬುಕ್ಕಿನಲ್ಲಿ ಬರೆಯಿಸಿದ್ದೇನೆ. ಮೊದಲ ಪುಟ ತುಂಬಿದೆ.

ಜೂನ್ 14ರಂದು ಎಂಟು ಜನ ನಡೆದೆವು. ವಾಚರಣ್ಣ ಮುಂದೆ, ಸಂಘದ ಹುಡುಗ ಹಿಂದೆ. ಎರಡು ಗಂಟೆಯಲ್ಲಿ ಸಾಗಿದ್ದು ಅರ್ಧ ಕಿಲೋಮೀಟರ್. ತೋಟದ ಕೆರೆಯ ಮೇಲೆ ಬಾಗಿದ ಕೊಂಬೆಯಲ್ಲಿ ಹಾರುವ ಹಸಿರು ಮರಗಪ್ಪೆಗಳು ನೊರೆಯ ಗೂಡು ಕಟ್ಟುತ್ತಿದ್ದವು. ಮೊಟ್ಟೆಯೊಡೆದ ಗೊದಮೊಟ್ಟೆಗಳು ನೇರ ನೀರಿಗೆ ಬೀಳಲೆಂದು ಕೆರೆಯ ಮೇಲೆಯೇ ಕಟ್ಟುತ್ತವೆ ಎಂದು ವಾಚರಣ್ಣ ಹೇಳಿದಾಗ, ಆ ಕೊಂಬೆಯನ್ನು ಪ್ರತಿ ವರ್ಷ ಕಡಿಯುತ್ತಿದ್ದ ಮನೆಯ ಯಜಮಾನರು ಏನೂ ಹೇಳದೆ ಅದನ್ನೇ ನೋಡುತ್ತಾ ನಿಂತರು. ಪುನುಗನ್ನು ಹಲಸಿನ ಮರದಲ್ಲಿ ಕಂಡೆವು. ಕಾಡುಪಾಪ ಕಾಣಲಿಲ್ಲ, ನಾವು ಹುಡುಕಲೂ ಇಲ್ಲ.

ಬೆಂಗಳೂರಿನಲ್ಲಿರುವ ಮಗ ರಜೆಯಲ್ಲಿ ಬಂದಿದ್ದವರು ನಮ್ಮ ಜೊತೆ ನಡೆದರು. ಜಾಗದ ವಿಷಯ ಅವರೂ ಎತ್ತಲಿಲ್ಲ, ನಾವೂ ಎತ್ತಲಿಲ್ಲ. ಹೊರಡುವಾಗ, ಮುಂದಿನ ಸಲಕ್ಕೆ ತನ್ನ ಮಗಳನ್ನೂ ಕರೆತರಬಹುದೇ ಎಂದು ಕೇಳಿದರು.

ಒಂದು ತೊಡಕು ಉಳಿದಿದೆ, ಇದಕ್ಕೆ ನಿಮ್ಮ ಸಲಹೆ ಬೇಕು. ಕೆಳಗಿನ ಕವಲುದಾರಿಯಲ್ಲಿ ಹೊಸದಾಗಿ ಹಾಕಿದ, ಎತ್ತರದ ಕಂಬದ ತುದಿಯಲ್ಲಿ ಸುತ್ತಲೂ ದೀಪಗಳಿರುವ ಹೈಮಾಸ್ಟ್ ದೀಪದ ಬೆಳಕು ಗುಡ್ಡೆಯ ಅರ್ಧಕ್ಕೆ ಬೀಳುತ್ತದೆ, ಆ ಬದಿಯಲ್ಲಿ ಒಂದೇ ಒಂದು ಮಿಣುಕುಹುಳವೂ ಇರಲಿಲ್ಲ, ಇನ್ನೊಂದು ಬದಿಯಲ್ಲಿ ತುಂಬ ಇದ್ದವು. ರಾತ್ರಿ ಬಸ್ಸಿನಿಂದ ಇಳಿಯುವ ಹೆಂಗಸರಿಗೆ ಆ ದೀಪ ಬೇಕು, ಅದನ್ನು ತೆಗೆಯಿರಿ ಎಂದು ನಾನು ಹೇಳಲಾರೆ. ಗುಡ್ಡೆಯ ಬದಿಯ ದೀಪಗಳಿಗೆ ಮಾತ್ರ ಮರೆ ಕಟ್ಟಿಸಲು ಸಾಧ್ಯವೇ, ಕೊನೆಯ ಬಸ್ಸು ಹೋದ ಮೇಲೆ ಆರಿಸಲು ಬರುವುದೇ, ಅರ್ಜಿಯನ್ನು ಪಂಚಾಯತಿಗೆ ಕೊಡಬೇಕೋ ವಿದ್ಯುತ್ ಕಚೇರಿಗೆ ಕೊಡಬೇಕೋ ತಿಳಿದವರು ಬರೆಯಿರಿ. ಮುಂದಿನ ನಡಿಗೆ ಜೂನ್ 28ಕ್ಕೆ, ಎಂಟೂ ಸ್ಥಾನಗಳು ಭರ್ತಿಯಾಗಿವೆ.